ಕ್ರ್ಯಾಕ್ ಮಾಡಿದ ಸ್ಕ್ಯಾನರ್‌ಗೆ ಪಾಸ್‌ವರ್ಡ್ ಕೊಡುತ್ತಿರುವವರಿಗೆ ಒಂದು ಬಹಿರಂಗ ಪತ್ರ

ಸೈಬರ್ ಭದ್ರತೆ ಕಲಿಸುವ ಸಂಸ್ಥೆಗಳ ಮುಖ್ಯಸ್ಥರೇ, ಲ್ಯಾಬ್ ಉಸ್ತುವಾರಿಗಳೇ, ನಾಲ್ಕೈದು ಜನರ ತಂಡ ಕಟ್ಟಿಕೊಂಡು ಬೇರೆಯವರ ಸರ್ವರ್‌ಗಳನ್ನು ಪರೀಕ್ಷಿಸಿ ಕೊಡುತ್ತಿರುವವರೇ,

ಕೆಲ ದಿನಗಳ ಹಿಂದೆ ನಮ್ಮ ತಂಡಕ್ಕೆ ಹೊಸಬನೊಬ್ಬನನ್ನು ತೆಗೆದುಕೊಳ್ಳಲು ಸಂದರ್ಶನ ಮಾಡುತ್ತಿದ್ದೆ. ಹುಡುಗ ಚುರುಕು. ಪೋರ್ಟು, ಪ್ರೋಟೊಕಾಲು ಎಲ್ಲ ನಾಲಗೆ ತುದಿಯಲ್ಲಿತ್ತು. "ಒಂದು ಸ್ಕ್ಯಾನ್ ಹಾಕಿ ತೋರಿಸಪ್ಪ" ಅಂದೆ. ಲ್ಯಾಪ್‌ಟಾಪ್ ತೆರೆದು ಟರ್ಮಿನಲ್‌ನಲ್ಲಿ ಒಂದೇ ಸಾಲು ಹೊಡೆದ. ಕಂಟೇನರ್, ಅಂದರೆ ತಂತ್ರಾಂಶವನ್ನು ಬೇಕಾದ್ದೆಲ್ಲದರ ಜೊತೆ ಕಟ್ಟಿ ಓಡಿಸುವ ಪೊಟ್ಟಣ, ಎದ್ದಿತು. ಬ್ರೌಸರ್‌ನಲ್ಲಿ ಹೆಸರಾಂತ ವಾಣಿಜ್ಯ ಸ್ಕ್ಯಾನರ್ ಒಂದರ, ಅಂದರೆ ಸರ್ವರ್‌ಗಳಲ್ಲಿ ಭದ್ರತೆಯ ತೂತು ಹುಡುಕುವ ತಂತ್ರಾಂಶದ, ಲಾಗಿನ್ ಪುಟ ಬಂತು. ಒಳಗೆ ಹೋದರೆ ಲೈಸೆನ್ಸ್ ಜಾಗದಲ್ಲಿ ಐಪಿಗಳಿಗೆ ಮಿತಿಯೇ ಇಲ್ಲ, ಅವಧಿ ಮುಗಿಯುವುದು 2099ರಲ್ಲಿ. ಅಷ್ಟು ದೊಡ್ಡ ಲೈಸೆನ್ಸ್ ನಾನೇ ಕಂಡಿರಲಿಲ್ಲ. ಎಲ್ಲಿಂದ ಬಂತು ಎಂದು ಕೇಳಿದರೆ ಅವನು ಮುಚ್ಚುಮರೆಯಿಲ್ಲದೆ ಹೇಳಿದ: "ಲ್ಯಾಬಲ್ಲಿ ಎಲ್ಲರಿಗೂ ಇದೇ ಕೊಟ್ಟಿದ್ರು ಸರ್. ಕಂಟೇನರ್ ಅಲ್ವಾ, ಸೇಫ್."

ಆ ಕೊನೆಯ ಮಾತಿಗಾಗಿ ಈ ಪತ್ರ ಬರೆಯುತ್ತಿದ್ದೇನೆ.

ಅವನ ಎದುರಿಗೇ ಆ ಕಂಟೇನರ್‌ನ ಅಚ್ಚಿನ, ಅಂದರೆ ಇಮೇಜಿನ, ಮೇಲೆ ಡಾಕರ್ ಹಿಸ್ಟರಿ ಓಡಿಸಿದೆ. ಡಾಕರ್ ಎಂದರೆ ಕಂಟೇನರ್‌ಗಳನ್ನು ಓಡಿಸುವ ತಂತ್ರಾಂಶ. ಇಮೇಜಿನ ಯಾವ ಪದರದಲ್ಲಿ ಏನು ನಡೆದಿದೆ ಎಂದು ತೋರಿಸುವ ಆಜ್ಞೆ ಹಿಸ್ಟರಿ. ಗೊತ್ತಿದ್ದೂ ನಮ್ಮಲ್ಲಿ ಬಹಳ ಜನ ಬಳಸುವುದಿಲ್ಲ. ಮೊದಲ ಏಳೆಂಟು ಪದರ ಮಾಮೂಲಿ: ಲಿನಕ್ಸ್ ಬುಡ, ಒಂದಿಷ್ಟು ಪ್ಯಾಕೇಜು, ಸ್ಕ್ಯಾನರ್‌ನ ಮೂಲ ಇನ್‌ಸ್ಟಾಲರ್. ಕೊನೆಯಿಂದ ಎರಡನೆಯದು ಬೇರೆ ಥರ ಇತ್ತು. ಡೊಮೇನ್ ಹೆಸರೇ ಇಲ್ಲದ ಬರೀ ಐಪಿ ವಿಳಾಸವೊಂದರಿಂದ ಒಂದು ಜಿಪ್ ಕಡತ ಇಳಿಸಿಕೊಂಡು, ಅದನ್ನು ಸ್ಕ್ಯಾನರ್‌ನ ಫೋಲ್ಡರ್ ಮೇಲೆಯೇ ಬಿಚ್ಚಿ, ಆಮೇಲೆ ಜಿಪ್ಪನ್ನು ಅಳಿಸಿ ಹಾಕಿದ್ದರು. ಆ ಕಡತದಲ್ಲಿ ಏನಿತ್ತು? ಲೈಸೆನ್ಸ್ ಮುರಿಯುವ ತುಂಡಂತೂ ಇದ್ದೇ ಇತ್ತು. ಜೊತೆಗೆ ಇನ್ನೇನಿತ್ತು ಎಂದು ಆ ಹುಡುಗನಿಗೆ ಗೊತ್ತಿರಲಿಲ್ಲ, ಅವನ ಮೇಷ್ಟರಿಗೂ ಗೊತ್ತಿರಲಿಕ್ಕಿಲ್ಲ. ಆಮೇಲೆ ಸ್ಕ್ಯಾನರ್‌ನ ಕ್ರೆಡೆನ್ಷಿಯಲ್ ಪುಟ ತೆರೆದೆವು. ದೂರದ ಸರ್ವರ್ ಒಳಗೆ ಹೋಗುವ ಮೂರು ಎಸ್‌ಎಸ್‌ಎಚ್ ಲಾಗಿನ್‌ಗಳು ಅಲ್ಲಿ ಕೂತಿದ್ದವು. ಎರಡು ಲ್ಯಾಬಿನ ಸರ್ವರ್‌ಗಳದು. ಮೂರನೆಯದು ಅವನು ಇಂಟರ್ನ್‌ಶಿಪ್ ಮಾಡಿದ ಕಡೆಯ ಸರ್ವರ್‌ನ ರೂಟ್, ಅಂದರೆ ಎಲ್ಲ ಅಧಿಕಾರವೂ ಇರುವ ಖಾತೆಯ, ಪಾಸ್‌ವರ್ಡ್.

ಅವನನ್ನು ಕೆಲಸಕ್ಕೆ ತೆಗೆದುಕೊಂಡೆ, ಅನುಮಾನ ಬೇಡ. ಕೊಟ್ಟಿದ್ದನ್ನು ಬಳಸಿದ, ಅಷ್ಟೇ. ನನ್ನ ಮಾತು ಕೊಟ್ಟವರ ಜೊತೆ.

ಬೇರೆ ಸಾಫ್ಟ್‌ವೇರ್ ಕದ್ದರೆ ಆಗುವುದೇ ಬೇರೆ, ಸ್ಕ್ಯಾನರ್ ಕದ್ದರೆ ಆಗುವುದೇ ಬೇರೆ. ಫೋಟೊ ತಿದ್ದುವ ತಂತ್ರಾಂಶದ ಹಳೇ ಪೈರೇಟೆಡ್ ಪ್ರತಿ ಇಟ್ಟುಕೊಂಡವನು ಅಪರಾಧವನ್ನೇನೋ ಮಾಡುತ್ತಾನೆ, ಆದರೆ ಫೋಟೊ ಫೋಟೊವೇ ಆಗಿ ಬರುತ್ತದೆ. ಸ್ಕ್ಯಾನರ್ ಹಾಗಲ್ಲ. ಅದರ ಎಂಜಿನ್ ಎನ್ನುವುದು ಬರೀ ಡಬ್ಬಿ. ಬೆಲೆ ಇರುವುದು ಅದಕ್ಕೆ ದಿನವೂ ಬಂದು ಬೀಳುವ ಫೀಡಿಗೆ. ಹೊಸ ದೌರ್ಬಲ್ಯ ಬೆಳಕಿಗೆ ಬಂತೆಂದರೆ ಯಾರೋ ಕೂತು ಅದನ್ನು ಪತ್ತೆ ಮಾಡುವ ಪರೀಕ್ಷೆ ಬರೆಯಬೇಕು, ಅದು ನಿಮ್ಮ ಯಂತ್ರಕ್ಕೆ ತಲುಪಬೇಕು. ದುಡ್ಡು ಕೊಡುವವರು ಕೊಡುವುದು ಹೆಚ್ಚಾಗಿ ಇದಕ್ಕೇ. ಕ್ರ್ಯಾಕ್ ಮಾಡಿದ ಪ್ರತಿ ಕಂಪನಿಯ ಸರ್ವರ್‌ಗೆ ಮುಖ ತೋರಿಸುವಂತಿಲ್ಲ, ತೋರಿಸಿದರೆ ಸಿಕ್ಕಿಬೀಳುತ್ತದೆ. ಆದ್ದರಿಂದ ಫೀಡ್ ಒಂದು ದಿನಾಂಕಕ್ಕೆ ಹೆಪ್ಪುಗಟ್ಟಿ ನಿಲ್ಲುತ್ತದೆ. ಇಲ್ಲವೇ ಕ್ರ್ಯಾಕ್ ಮಾಡಿದ ಪುಣ್ಯಾತ್ಮನೇ ಆಗಾಗ ಹೊಸ ಫೀಡ್ ಎಂದು ಏನನ್ನೋ ಕೊಡುತ್ತಾನೆ, ನೀವು ಅದನ್ನು ರೂಟ್ ಆಗಿ ಓಡಿಸುತ್ತೀರಿ.

ನಾನೇನೂ ಸಾಚಾ ಅಲ್ಲ. 2021ರಲ್ಲಿ ನಾನೂ ಇಂಥದ್ದೇ ಒಂದನ್ನು ಇಟ್ಟುಕೊಂಡಿದ್ದೆ. ಆ ವರ್ಷದ ಡಿಸೆಂಬರ್ ಎರಡನೇ ವಾರ, ಜಾವಾ ಅಪ್ಲಿಕೇಶನ್‌ಗಳು ಬಳಸುವ ಲಾಗ್‌ಫೋರ್‌ಜೆ ಎಂಬ ಲೈಬ್ರರಿಯ ತೂತಿನ ಗಲಾಟೆ ಎದ್ದಿತು. ದೌರ್ಬಲ್ಯಗಳ ಪಟ್ಟಿಯಲ್ಲಿ ಅದರ ಸಂಖ್ಯೆ ಸಿವಿಇ-2021-44228, ತೀವ್ರತೆ 10ಕ್ಕೆ 10. ಗಿರಾಕಿಯೊಬ್ಬರು ಗಾಬರಿಯಲ್ಲಿ ಫೋನ್ ಮಾಡಿದರು. ರಾತ್ರಿಯಿಡೀ ಅವರ ಸರ್ವರ್‌ಗಳಿಗೆಲ್ಲ ಸ್ಕ್ಯಾನ್ ಹಾಕಿದೆ. ಬೆಳಗ್ಗೆ ನೋಡಿದರೆ ರಿಪೋರ್ಟ್ ಹಸಿರೋ ಹಸಿರು, ಲಾಗ್‌ಫೋರ್‌ಜೆ ಎಂಬ ಅಕ್ಷರವೇ ಇಲ್ಲ. ನನಗೋ ಸಮಾಧಾನ. ನನ್ನ ಜೊತೆಗಾರ್ತಿ ಮಾತ್ರ ಅದೇ ಗಿರಾಕಿಯ ಅಪ್ಲಿಕೇಶನ್ ಇಮೇಜನ್ನು ಗ್ರೈಪ್ ಎಂಬ ಮುಕ್ತ ಸ್ಕ್ಯಾನರ್‌ಗೆ ಕೊಟ್ಟಳು. ಅದೂ ಕಂಟೇನರ್‌ನಲ್ಲೇ, ಒಂದೇ ಸಾಲಿನಲ್ಲಿ. ಒಂದು ನಿಮಿಷವೂ ಆಗಿರಲಿಲ್ಲ, ಲಾಗ್‌ಫೋರ್‌ಜೆ ಕೋರ್ 2.14.1 ಎಂಬ ಸಾಲು ಕೆಂಪಗೆ ಎದ್ದು ನಿಂತಿತು. ನನ್ನ ಸ್ಕ್ಯಾನರ್‌ನ ಫೀಡ್ ದಿನಾಂಕ ತೆರೆದು ನೋಡಿದೆ: ಅದೇ ವರ್ಷದ ಜುಲೈ. ಹುಟ್ಟದ ಕೂಸಿನ ಹೆಸರು ಅದಕ್ಕೆ ಗೊತ್ತಿರುವುದಾದರೂ ಹೇಗೆ? ಡಿಸೆಂಬರ್ ಮುಗಿಯುವಷ್ಟರಲ್ಲಿ ಲಾಗ್‌ಫೋರ್‌ಜೆ ತಂಡವೇ 2.15, 2.16, 2.17, 2.17.1 ಎಂದು ತಿದ್ದಿದ್ದನ್ನೇ ಮತ್ತೆ ಮತ್ತೆ ತಿದ್ದಬೇಕಾಯಿತು. ಅಂಥ ವಾರಗಳಲ್ಲಿ ನಿನ್ನೆಯ ಫೀಡೇ ಹಳಸು. ನನ್ನದು ಐದು ತಿಂಗಳ ಹಿಂದಿನದು.

ಅವತ್ತು ಗಿರಾಕಿಗೆ ಮತ್ತೆ ಫೋನ್ ಮಾಡಿ, ಬೆಳಗ್ಗೆ ಹೇಳಿದ್ದು ತಪ್ಪು ಎಂದು ಒಪ್ಪಿಕೊಳ್ಳುವಾಗ ಬಾಯಿ ಒಣಗಿತ್ತು. ಯಾಕೆ ತಪ್ಪಾಯಿತು ಎಂದು ಅವರು ಕೇಳಲಿಲ್ಲ. ಕೇಳಿದ್ದರೆ ಏನು ಹೇಳುತ್ತಿದ್ದೆನೋ.

ಹಳಸಿದ ಫೀಡಾದರೂ ಕೆಟ್ಟ ರಿಪೋರ್ಟ್ ಕೊಟ್ಟು ಸುಮ್ಮನಾಗುತ್ತದೆ. ಅದಕ್ಕಿಂತ ದೊಡ್ಡದು ಪಾಸ್‌ವರ್ಡಿನ ವಿಷಯ. ಹೊರಗಿನಿಂದ ಬಾಗಿಲು ತಟ್ಟಿ ನೋಡುವ ಸ್ಕ್ಯಾನ್‌ಗೆ ಕಾಣುವುದು ಅರ್ಧ ಸತ್ಯ. ಯಾವ ಪ್ಯಾಕೇಜ್ ಯಾವ ಆವೃತ್ತಿಯಲ್ಲಿದೆ, ಯಾವ ಪ್ಯಾಚ್ ಬಿದ್ದಿಲ್ಲ ಎಂದು ಸರಿಯಾಗಿ ತಿಳಿಯಬೇಕಾದರೆ ಸ್ಕ್ಯಾನರ್‌ಗೆ ಲಾಗಿನ್ ಕೊಟ್ಟು ಒಳಗೆ ಬಿಡಬೇಕು. ನಾವೇ ಅದನ್ನು ಕಲಿಸುತ್ತೇವೆ, ಸರಿಯಾಗಿಯೇ ಕಲಿಸುತ್ತೇವೆ. ಹೀಗಾಗಿ ಒಂದು ಸಂಸ್ಥೆಯ ನೆಟ್‌ವರ್ಕ್‌ನಲ್ಲಿ ಎಲ್ಲ ಕೋಣೆಗಳ ಕೀಲಿಯೂ ಇರುವ ತಂತ್ರಾಂಶ ಯಾವುದು ಎಂದು ಕೇಳಿದರೆ ಉತ್ತರ ಸ್ಕ್ಯಾನರ್. ಯಾವ ಕೋಣೆಯ ಚಿಲಕ ಸಡಿಲ ಎಂಬ ಪಟ್ಟಿಯೂ ಅದರ ಬಳಿಯೇ ಇರುತ್ತದೆ. ಆ ಕೀಲಿಗೊಂಚಲು ಮತ್ತು ಆ ಪಟ್ಟಿ ಎರಡನ್ನೂ, ಹೆಸರೂ ಊರೂ ಗೊತ್ತಿಲ್ಲದವನೊಬ್ಬ ಬಿಚ್ಚಿ ಹೊಲಿದ ತಂತ್ರಾಂಶದ ಕೈಗೆ ಕೊಡುತ್ತಿದ್ದೇವೆ. ಬೇಲಿಯೇ ಎದ್ದು ಹೊಲ ಮೇಯ್ದಂತೆ ಎನ್ನುವ ಗಾದೆಯಲ್ಲಿ ಬೇಲಿಯಾದರೂ ನಮ್ಮದೇ. ಇಲ್ಲಿ ಬೇಲಿ ಹಾಕಿದವನು ಯಾರು ಎಂದೇ ಗೊತ್ತಿಲ್ಲ.

ಇದು ಬರೀ ಹೆದರಿಸುವ ಮಾತಲ್ಲ. 2021ರ ನವೆಂಬರ್‌ನಲ್ಲಿ ಇಸೆಟ್ ಎಂಬ ಭದ್ರತಾ ಕಂಪನಿಯ ಸಂಶೋಧಕರು ಒಂದು ಸಂಗತಿ ಹೊರಗೆ ಹಾಕಿದರು. ರಿವರ್ಸ್ ಎಂಜಿನಿಯರಿಂಗ್ ಮಾಡುವವರು, ಅಂದರೆ ತಂತ್ರಾಂಶವನ್ನು ಬಿಚ್ಚಿ ಒಳಗೇನಿದೆ ಎಂದು ನೋಡುವವರು, ಬಳಸುವ ಐಡಿಎ ಪ್ರೊ 7.5ರ ಕದ್ದ ಪ್ರತಿಯೊಳಗೆ ಲಜಾರಸ್ ಎಂಬ ದಾಳಿಕೋರರ ಗುಂಪು ಎರಡು ಕೇಡಿನ ತುಂಡುಗಳನ್ನು ಸೇರಿಸಿ ಹರಿಯಬಿಟ್ಟಿತ್ತು. ಗುರಿ ಸಾಮಾನ್ಯ ಜನರಲ್ಲ, ಭದ್ರತಾ ಸಂಶೋಧಕರೇ. ದಾಳಿಕೋರರ ಲೆಕ್ಕ ಸರಳ: ಭದ್ರತೆಯವನೊಬ್ಬನ ಯಂತ್ರ ಸಿಕ್ಕರೆ ಅವನು ಕಾಯುತ್ತಿರುವ ಹತ್ತು ಮನೆಯ ನಕ್ಷೆ ಸಿಕ್ಕಂತೆ. ನಿಮ್ಮ ಲ್ಯಾಬಿನ ಮಕ್ಕಳು ನಾಳೆ ಅದೇ ಹತ್ತು ಮನೆ ಕಾಯುವವರು.

ಈಗ "ಕಂಟೇನರ್ ಅಲ್ವಾ, ಸೇಫ್" ಎಂಬ ಮಾತಿಗೆ ಬರುತ್ತೇನೆ. ಕಂಟೇನರ್ ಎಂದರೆ ಬೇರೆ ಯಂತ್ರವಲ್ಲ. ಅದೇ ಲಿನಕ್ಸ್ ಕರ್ನಲ್ (ಆಪರೇಟಿಂಗ್ ಸಿಸ್ಟಮ್‌ನ ತಿರುಳು) ಮೇಲೆ ನೇಮ್‌ಸ್ಪೇಸ್, ಸಿಗ್ರೂಪ್ ಎಂಬ ಪರದೆ ಕಟ್ಟಿ ಒಂದು ಪ್ರೋಸೆಸ್ಸನ್ನು ಒಳಗೆ ಕೂರಿಸಿರುತ್ತೇವೆ, ಅಷ್ಟೇ. ಮಾಮೂಲಿ ವೆಬ್ ಅಪ್ಲಿಕೇಶನ್‌ಗೆ ಆ ಪರದೆ ಒಳ್ಳೆಯ ರಕ್ಷಣೆ. ಸ್ಕ್ಯಾನರ್‌ನ ಕೆಲಸವೇ ಪರದೆಯಾಚೆ ಕೈ ಚಾಚುವುದು. ಅದಕ್ಕೆ ಕಚ್ಚಾ ಪ್ಯಾಕೆಟ್ ಕಳಿಸುವ ಹಕ್ಕು ಬೇಕು, ಇಡೀ ನೆಟ್‌ವರ್ಕ್ ಕಾಣಬೇಕು. ಕಂಟೇನರ್‌ಗೆ ಬೇರೆಯಾಗಿ ಕೊಡುವ ಬ್ರಿಡ್ಜ್ ನೆಟ್‌ವರ್ಕ್‌ನಲ್ಲಿ ಅಕ್ಕಪಕ್ಕದ ಯಂತ್ರಗಳು, ಅವನ್ನು ಹುಡುಕುವ ಎಆರ್‌ಪಿ ಪ್ರೋಟೊಕಾಲಿಗೆ ಸಿಗುತ್ತಿಲ್ಲ ಎಂದು ಯಾರೋ ಹೋಸ್ಟ್ (ಕಂಟೇನರ್ ಓಡುವ ಯಂತ್ರ) ನೆಟ್‌ವರ್ಕನ್ನೇ ಹಾಕುತ್ತಾರೆ. ಅದೂ ಸರಿಹೋಗದಿದ್ದರೆ ಯಂತ್ರದ ಹೆಚ್ಚುಕಡಿಮೆ ಎಲ್ಲ ಹಕ್ಕನ್ನೂ ಕೊಡುವ ಪ್ರಿವಿಲೆಜ್ಡ್ ಎಂಬ ಫ್ಲಾಗ್. ಇಮೇಜುಗಳನ್ನು ಸ್ಕ್ಯಾನ್ ಮಾಡಬೇಕೆಂದು ಡಾಕರ್‌ಗೆ ಆಜ್ಞೆ ಕೊಡುವ ಕಿಂಡಿಯಾದ ಡಾಕರ್ ಸಾಕೆಟ್ಟನ್ನೂ ಒಳಗೆ ಮೌಂಟ್ ಮಾಡುತ್ತಾರೆ. ಸಾಕೆಟ್ ಒಳಗೆ ಹೋಯಿತೆಂದರೆ ಹೋಸ್ಟ್‌ನ ರೂಟ್ ಹಕ್ಕು ಹೋದಂತೆಯೇ, ಇನ್ನೊಂದು ಕಂಟೇನರ್ ಎಬ್ಬಿಸಿ ಇಡೀ ಡಿಸ್ಕನ್ನೇ ಅದರೊಳಗೆ ತೂಗುಹಾಕಬಹುದು. ಕ್ರ್ಯಾಕ್ ಇಮೇಜುಗಳ ಜೊತೆ ಬರುವ ಸೂಚನೆಯಲ್ಲಿ ಇಂಥ ಒಂದಾದರೂ ಫ್ಲಾಗ್ ಇಲ್ಲದ್ದನ್ನು ನಾನು ಕಂಡಿಲ್ಲ. ಪರದೆಯನ್ನು ನಾವೇ ಹರಿದು, ಪರದೆ ಇದೆಯಲ್ಲ ಎಂದು ನಿದ್ದೆ ಮಾಡುತ್ತಿದ್ದೇವೆ.

ಕಂಟೇನರ್‌ನಲ್ಲಿ ಕೂರಿಸಿದ ಮಾತ್ರಕ್ಕೆ ಕದ್ದದ್ದು ಸ್ವಂತದ್ದೂ ಆಗುವುದಿಲ್ಲ. ಇದನ್ನು ಬಿಡಿಸಿ ಹೇಳಬೇಕಾಗಿ ಬಂದಿರುವುದೇ ವಿಚಿತ್ರ, ಆದರೆ "ಇನ್‌ಸ್ಟಾಲ್ ಮಾಡಿಲ್ಲವಲ್ಲ, ಬರೀ ರನ್ ಮಾಡಿದ್ದು" ಎಂಬ ವಾದವನ್ನು ಎರಡು ಸಲ ಕಿವಿಯಾರೆ ಕೇಳಿದ್ದೇನೆ.

ಹಾಗಾದರೆ ದಾರಿ ಏನು? ದಾರಿ ಅದೇ ಕಂಟೇನರ್. ತುಂಬಬೇಕಾದ್ದು ಬೇರೆ.

ಇಲ್ಲೊಂದು ಸ್ವಲ್ಪ ಹಳೇ ಕಥೆ ಹೇಳಬೇಕು, ಯಾಕೆಂದರೆ ಮಕ್ಕಳಿಗೆ ಯಾರೂ ಇದನ್ನು ಹೇಳುವುದಿಲ್ಲ. ನೆಸಸ್ ಎಂಬ ಹೆಸರಾಂತ ಸ್ಕ್ಯಾನರ್ ಹುಟ್ಟಿದ್ದು 1998ರಲ್ಲಿ, ರೆನೋ ಡೆರೈಸನ್ ಎಂಬವರ ಉಚಿತ ಯೋಜನೆಯಾಗಿ. ಏಳು ವರ್ಷ ಅದರ ಮೂಲ ಸಂಕೇತ ಎಲ್ಲರಿಗೂ ತೆರೆದೇ ಇತ್ತು. 2005ರಲ್ಲಿ ಮೂರನೇ ಆವೃತ್ತಿಯ ಹೊತ್ತಿಗೆ ಟೆನೆಬಲ್ ಕಂಪನಿ ಬಾಗಿಲು ಮುಚ್ಚಿತು. ಅದು ಅವರ ಹಕ್ಕು, ತಕರಾರಿಲ್ಲ. ಆದರೆ ತೆರೆದಿದ್ದ ಎರಡನೇ ಆವೃತ್ತಿಯನ್ನು ಹಿಡಿದುಕೊಂಡು ಕೆಲವರು ಬೇರೆ ಕವಲು ತೆಗೆದರು. ಮೊದಲು ಅದಕ್ಕೆ ಗ್ನೆಸಸ್ ಎಂಬ ಹೆಸರಿತ್ತು, ಆಮೇಲೆ ಓಪನ್‌ವಾಸ್ ಆಯಿತು. 2008ರಲ್ಲಿ ಜರ್ಮನಿಯಲ್ಲಿ ಶುರುವಾದ ಗ್ರೀನ್‌ಬೋನ್ ಕಂಪನಿ ಅದನ್ನು ಇಂದಿಗೂ ಸಾಕುತ್ತಿದೆ. ಅಂದರೆ ಯಾವುದನ್ನು ಕ್ರ್ಯಾಕ್ ಮಾಡಿ ಲ್ಯಾಬಿಗೆ ಹಂಚುತ್ತಿದ್ದೀರೋ ಅದರ ಒಡಹುಟ್ಟು ಇಪ್ಪತ್ತು ವರ್ಷದಿಂದ ಮುಂಬಾಗಿಲಲ್ಲೇ ನಿಂತಿದೆ. ನೀವು ಹಿತ್ತಲ ಗೋಡೆ ಹಾರುತ್ತಿದ್ದೀರಿ.

ಗ್ರೀನ್‌ಬೋನ್‌ನ ಸಮುದಾಯ ಆವೃತ್ತಿಗೆ ಅಧಿಕೃತ ಕಂಟೇನರ್‌ಗಳೇ ಇವೆ. ಹಲವು ಕಂಟೇನರ್‌ಗಳನ್ನು ಒಟ್ಟಿಗೆ ಎಬ್ಬಿಸುವ ಒಂದು ಕಂಪೋಸ್ ಕಡತ, ಅದರೊಳಗೆ ಹತ್ತು ಹನ್ನೆರಡಕ್ಕೂ ಹೆಚ್ಚು ಸರ್ವೀಸು: ಪೋಸ್ಟ್‌ಗ್ರೆಸ್ ಡೇಟಾಬೇಸ್ ಒಂದು ಕಡೆ, ರೆಡಿಸ್ ಒಂದು ಕಡೆ, ಸ್ಕ್ಯಾನರ್ ಒಂದು, ಮ್ಯಾನೇಜರ್ ಒಂದು, ವೆಬ್ ಮುಖ ಒಂದು, ಫೀಡ್ ತಂದು ಸುರಿಯುವವು ಕೆಲವು. 4 ಜಿಬಿ ಮೆಮೊರಿ ಕನಿಷ್ಠ ಅನ್ನುತ್ತಾರೆ. 8 ಇದ್ದರೆ ಜೀವ ಹಗುರ. ಡಿಸ್ಕ್ 20 ಜಿಬಿಯಿಂದ ಶುರು. ಬ್ರೌಸರ್‌ನಲ್ಲಿ 9392ನೇ ಪೋರ್ಟ್.

ಇಲ್ಲಿ ಒಂದು ಕಡೆ ಎಡವುತ್ತಾರೆ, ಬಹುತೇಕ ಎಲ್ಲರೂ. ಮೊದಲ ಸಲ ಎಬ್ಬಿಸಿದಾಗ ಲಾಗಿನ್ ಪುಟ ಐದೇ ನಿಮಿಷದಲ್ಲಿ ಬಂದುಬಿಡುತ್ತದೆ. ಖುಷಿಯಿಂದ ಟಾಸ್ಕ್ ಮಾಡಲು ಹೋದರೆ, ಸ್ಕ್ಯಾನ್ ಕಾನ್ಫಿಗ್ ಸಿಗುತ್ತಿಲ್ಲ ಎಂದು ಉದ್ದನೆಯ ಯುಯುಐಡಿ (ಗುರುತಿನ ಸಂಖ್ಯೆ) ಒಂದನ್ನು ಮುಖಕ್ಕೆ ಎಸೆಯುತ್ತದೆ. ಕೆಟ್ಟಿದೆ ಎಂದುಕೊಂಡು ಕಂಟೇನರ್ ಅಳಿಸಿ, ಅದರ ಡೇಟಾ ಇರುವ ವಾಲ್ಯೂಮ್ ಅಳಿಸಿ, ಮತ್ತೆ ಮೊದಲಿಂದ ಮಾಡುತ್ತಾರೆ. ಮತ್ತೆ ಅದೇ. ಮೂರನೇ ಸಲಕ್ಕೆ ತಲೆ ಕೆಟ್ಟು ಕ್ರ್ಯಾಕ್ ಇಮೇಜಿಗೆ ವಾಪಸ್. ನಿಜಕ್ಕೂ ಏನೂ ಕೆಟ್ಟಿರುವುದಿಲ್ಲ. ಹಿಂದೆ ಒಂದು ಲಕ್ಷಕ್ಕೂ ಮಿಕ್ಕ ಪರೀಕ್ಷೆಗಳ ಫೀಡ್ ಡೇಟಾಬೇಸ್‌ಗೆ ತುಂಬಿಕೊಳ್ಳುತ್ತಿರುತ್ತದೆ. ಯಂತ್ರ ನಿಧಾನವಿದ್ದರೆ ಅದಕ್ಕೆ ಗಂಟೆಗಟ್ಟಲೆ ಬೇಕು. ವೆಬ್ ಪುಟದ ಫೀಡ್ ಸ್ಟೇಟಸ್‌ನಲ್ಲಿ ಎಲ್ಲವೂ ಕರೆಂಟ್ ಎಂದು ಬರುವವರೆಗೆ ಕೈಕಟ್ಟಿ ಕೂರುವುದೊಂದೇ ಉಪಾಯ. ಲ್ಯಾಬ್ ಉಸ್ತುವಾರಿಗಳೇ, ಪಾಠದ ಹಿಂದಿನ ರಾತ್ರಿಯೇ ಎಬ್ಬಿಸಿ ಬಿಡಿ. ತಾಳ್ಮೆ ಸಾಲದೆ ಕಳ್ಳದಾರಿ ಹಿಡಿದವರನ್ನು ದುಡ್ಡು ಸಾಲದೆ ಹಿಡಿದವರಿಗಿಂತ ಹೆಚ್ಚು ನೋಡಿದ್ದೇನೆ.

ವೆಬ್ ಅಪ್ಲಿಕೇಶನ್ ಪರೀಕ್ಷೆಗೆ ಜ್ಯಾಪ್ ಇದೆ. 2010ರಲ್ಲಿ ಸೈಮನ್ ಬೆನೆಟ್ಸ್ ಶುರುಮಾಡಿದ್ದು, ಅಪಾಚೆ ಲೈಸೆನ್ಸ್, ಅಧಿಕೃತ ಇಮೇಜ್ ಇದೆ. ಕಲಿಯುವವರಿಗೆ ಅದರ ಬೇಸ್‌ಲೈನ್ ಸ್ಕ್ಯಾನ್ ಹೇಳಿ ಮಾಡಿಸಿದಂತಿದೆ: ಒಂದು ನಿಮಿಷ ಪುಟಗಳನ್ನು ಸುತ್ತಿ, ಬಂದ ಉತ್ತರಗಳನ್ನು ಓದಿ ಎಲ್ಲಿ ಯಾವ ಹೆಡರ್ ಇಲ್ಲ, ಯಾವ ಕುಕಿ ಬಿಗಿಯಾಗಿಲ್ಲ ಎಂದು ಹೇಳುತ್ತದೆ, ದಾಳಿ ಮಾಡುವುದಿಲ್ಲ. ಇಮೇಜು, ಪ್ಯಾಕೇಜುಗಳಿಗೆ ಟ್ರಿವಿ ಮತ್ತು ಗ್ರೈಪ್. ಟೆಂಪ್ಲೇಟ್ ಬರೆದು ಪರೀಕ್ಷಿಸುವುದಕ್ಕೆ ನ್ಯೂಕ್ಲಿಯೈ, ಅದರ ಯಾಮಲ್ ಕಡತ ಓದಿದರೆ ಒಂದು ಪರೀಕ್ಷೆ ಹೇಗೆ ಯೋಚಿಸುತ್ತದೆ ಎಂದೇ ಕಾಣುತ್ತದೆ. ಮುಚ್ಚಿದ ಪೆಟ್ಟಿಗೆಯ ಸ್ಕ್ಯಾನರ್‌ನಲ್ಲಿ ವಿದ್ಯಾರ್ಥಿಗೆ ಆ ಭಾಗ್ಯವಿಲ್ಲ. 1997ರಿಂದ ಎಲ್ಲರ ಕೈಯಲ್ಲಿರುವ, ತೆರೆದ ಪೋರ್ಟ್ ಹುಡುಕುವ ಎನ್‌ಮ್ಯಾಪ್ ಬಗ್ಗೆ ನಿಮಗೆ ಹೇಳುವುದೇನಿದೆ.

"ಕೆಲಸಕ್ಕೆ ಕರೆಯುವವರು ನೆಸಸ್ ಗೊತ್ತಾ ಎಂದೇ ಕೇಳುತ್ತಾರೆ" ಎನ್ನುತ್ತೀರಿ. ಒಪ್ಪಿದೆ, ನಾನೂ ಕೇಳುತ್ತೇನೆ. ಅದಕ್ಕೂ ನೇರ ದಾರಿ ಇದೆ. ಟೆನೆಬಲ್ ಕಂಪನಿಯೇ ತನ್ನ ಇಮೇಜನ್ನು ಇಮೇಜುಗಳ ಭಂಡಾರವಾದ ಡಾಕರ್ ಹಬ್‌ನಲ್ಲಿ ಇಟ್ಟಿದೆ. ಕಲಿಯುವವರಿಗೆಂದೇ ಎಸೆನ್ಷಿಯಲ್ಸ್ ಎಂಬ ಉಚಿತ ಶ್ರೇಣಿ ಇದೆ. ಇಮೇಲ್ ಕೊಟ್ಟರೆ ಆ್ಯಕ್ಟಿವೇಷನ್ ಕೋಡ್ ಬರುತ್ತದೆ, ಅದನ್ನು ಎನ್ವಿರಾನ್‌ಮೆಂಟ್ ವೇರಿಯಬಲ್ ಆಗಿ ಕೊಟ್ಟು ಕಂಟೇನರ್ ಎಬ್ಬಿಸಿದರೆ 8834ನೇ ಪೋರ್ಟ್‌ನಲ್ಲಿ ಅದೇ ಪುಟ, ಅದೇ ಗುಂಡಿಗಳು. ಐಪಿಗಳ ಮಿತಿ ಇದೆ, ಕಂಪ್ಲಯನ್ಸ್ (ನಿಯಮ ಪಾಲನೆಯ) ಪರೀಕ್ಷೆಗಳಿಲ್ಲ. ಲ್ಯಾಬಿನಲ್ಲಿ ಒಬ್ಬ ವಿದ್ಯಾರ್ಥಿಗೆ ಎಷ್ಟು ಐಪಿ ಬೇಕು? ಎರಡು? ಮೂರು? ಆದರೆ ಉಚಿತ ಎಂದ ತಕ್ಷಣ ಎಲ್ಲದಕ್ಕೂ ಉಚಿತ ಎಂದಲ್ಲ. ಅದೇ ಕೋಡ್ ಹಾಕಿಕೊಂಡು ಗಿರಾಕಿಗಳ ಕೆಲಸ ಮಾಡಿ ಬಿಲ್ ಕಳಿಸುವ ಮುಂಚೆ ಷರತ್ತುಗಳನ್ನು ಪೂರ್ತಿ ಓದಿ.

ಷರತ್ತಿನ ಮಾತು ಬಂದಾಗ ಇನ್ನೊಂದು. ಎಲ್ಲವನ್ನೂ ನ್ಯಾಯವಾಗಿ ಮಾಡಬೇಕೆಂದು ಹೊರಟವರೂ ಡಾಕರ್ ಡೆಸ್ಕ್‌ಟಾಪ್ ಬಳಿ ಜಾರುತ್ತಾರೆ. ಲಿನಕ್ಸ್ ಮೇಲಿನ ಡಾಕರ್ ಎಂಜಿನ್ ಅಪಾಚೆ ಲೈಸೆನ್ಸಿನದು, ಚಿಂತೆಯಿಲ್ಲ. ವಿಂಡೋಸ್, ಮ್ಯಾಕ್‌ಗಳಲ್ಲಿ ಹಾಕಿಕೊಳ್ಳುವ ಡೆಸ್ಕ್‌ಟಾಪ್ ಹಾಗಲ್ಲ. 2021ರ ಆಗಸ್ಟ್ 31ರಿಂದ ಅದರ ನಿಯಮ ಬದಲಾಯಿತು: ಕಲಿಕೆಗೆ, ಸ್ವಂತ ಬಳಕೆಗೆ, ಸಣ್ಣ ಕಂಪನಿಗಳಿಗೆ ಉಚಿತ, 250ಕ್ಕಿಂತ ಹೆಚ್ಚು ಉದ್ಯೋಗಿಗಳಿರುವ ಅಥವಾ ವರ್ಷಕ್ಕೆ 1 ಕೋಟಿ ಡಾಲರ್ ಮೀರಿದ ಆದಾಯವಿರುವ ಕಂಪನಿಗಳು ಚಂದಾ ಕಟ್ಟಬೇಕು. ಪೈರೇಟೆಡ್ ಸ್ಕ್ಯಾನರ್ ಬಿಟ್ಟೆವು ಎಂದು ಬೆನ್ನು ತಟ್ಟಿಕೊಂಡ ದೊಡ್ಡ ಕಚೇರಿಯೊಂದು ಇದನ್ನು ಮರೆತಿತ್ತು. ಡಾಕರ್ ಬದಲು ಬಳಸಬಹುದಾದ ಪಾಡ್‌ಮ್ಯಾನ್ ಆದರೆ ಆ ತಲೆನೋವೂ ಇಲ್ಲ, ರೂಟ್ ಇಲ್ಲದೆ ಓಡುವುದು ಅದರ ಹುಟ್ಟುಗುಣ. ಕಚ್ಚಾ ಪ್ಯಾಕೆಟ್ ಬೇಕಾದ ಸ್ಕ್ಯಾನ್‌ಗೆ ಮಾತ್ರ ಆಗ ತುಸು ಒದ್ದಾಡಬೇಕಾಗುತ್ತದೆ.

ಮುಕ್ತ ಸ್ಕ್ಯಾನರ್‌ಗಳು ಎಲ್ಲದರಲ್ಲೂ ಸರಿಸಮ ಎಂದು ಸುಳ್ಳು ಹೇಳುವುದಿಲ್ಲ. ಗ್ರೀನ್‌ಬೋನ್‌ನದೇ ದುಡ್ಡಿನ ಫೀಡಿನಲ್ಲಿ ದೊಡ್ಡ ಕಂಪನಿಗಳು ಬಳಸುವ ಉತ್ಪನ್ನಗಳ ಪರೀಕ್ಷೆಗಳು ಹೆಚ್ಚು, ಸಮುದಾಯ ಫೀಡಿನಲ್ಲಿ ಕಡಿಮೆ. ವೆಬ್ ಪರೀಕ್ಷೆಗೆ ಬಳಸುವ ಬರ್ಪ್ ಸೂಟ್‌ನ ಉಚಿತ ಆವೃತ್ತಿಯಲ್ಲಿ ಸ್ಕ್ಯಾನರ್ ಭಾಗವೇ ಇಲ್ಲ. ಟ್ರಿವಿ ಒಮ್ಮೊಮ್ಮೆ ನೂರಾರು ಸಾಲು ಕಕ್ಕುತ್ತದೆ, ಅದರಲ್ಲಿ ಅರ್ಧ ಇನ್ನೂ ಪ್ಯಾಚೇ ಬಾರದ, ತಲುಪಲೂ ಆಗದ ಲೈಬ್ರರಿಗಳದು. ಗಿರಾಕಿಗೆ ಆ ಕೊರತೆ ಮುಖ್ಯವಾದರೆ ಲೈಸೆನ್ಸ್ ಕೊಳ್ಳಿ, ಅದರ ಖರ್ಚನ್ನು ಕೆಲಸದ ದರದಲ್ಲಿ ಸೇರಿಸಿ. ಕೊಳ್ಳಲಾಗದಿದ್ದರೆ ರಿಪೋರ್ಟಿನ ಮೊದಲ ಪುಟದಲ್ಲೇ ಬರೆಯಿರಿ: ಇಂಥ ಸ್ಕ್ಯಾನರ್, ಇಂಥ ಆವೃತ್ತಿ, ಫೀಡ್ ಇಂಥ ದಿನಾಂಕದ್ದು, ಇಂಥವು ಇದರ ವ್ಯಾಪ್ತಿಯಲ್ಲಿಲ್ಲ. ಕ್ರ್ಯಾಕ್ ಬಳಸುವವನಿಂದ ಈ ಒಂದು ಪುಟ ಯಾವತ್ತೂ ಬರೆಯಲಾಗುವುದಿಲ್ಲ. ಕಾರ್ಡ್ ಪಾವತಿ ನಡೆಸುವ ಕಂಪನಿಗಳಂತೂ ಕಾರ್ಡ್ ಉದ್ಯಮದ ಪಿಸಿಐ ಎಂಬ ಭದ್ರತಾ ನಿಯಮದ ಪ್ರಕಾರ ಮೂರು ತಿಂಗಳಿಗೊಮ್ಮೆ ಹೊರಗಿನ ಸ್ಕ್ಯಾನ್ ಮಾಡಿಸಬೇಕು, ಅದೂ ಮಾನ್ಯತೆ ಪಡೆದ ಸ್ಕ್ಯಾನಿಂಗ್ ಸಂಸ್ಥೆಯಿಂದ. ಅಲ್ಲಿ ಕ್ರ್ಯಾಕ್ ಪ್ರತಿಯ ರಿಪೋರ್ಟ್ ಕಾಗದದ ಬೆಲೆಯೂ ಬಾಳುವುದಿಲ್ಲ.

ಲೈಸೆನ್ಸ್ ಸರಿಯಿದ್ದ ಮಾತ್ರಕ್ಕೆ ಸ್ಕ್ಯಾನ್ ಸರಿಯಲ್ಲ ಎನ್ನುವುದನ್ನೂ ಇದೇ ಉಸಿರಿನಲ್ಲಿ ಕಲಿಸಬೇಕು. ಅನುಮತಿಯಿಲ್ಲದ ಯಂತ್ರಕ್ಕೆ ಹಾಕಿದ ಸ್ಕ್ಯಾನ್, ಪೂರಾ ದುಡ್ಡು ಕೊಟ್ಟು ಕೊಂಡ ಸ್ಕ್ಯಾನರ್‌ನಿಂದ ಹಾಕಿದರೂ ಅತಿಕ್ರಮವೇ. ಕಂಟೇನರ್‌ನ ನಿಜವಾದ ಚೆಂದ ನನಗೆ ಕಾಣುವುದು ಇಲ್ಲಿ. ಸ್ಕ್ಯಾನರ್ ಇರುವ ಕಂಪೋಸ್ ಕಡತದಲ್ಲೇ ಗುರಿಯನ್ನೂ ಇಡಬಹುದು. ಜ್ಯೂಸ್ ಶಾಪ್, ವೆಬ್‌ಗೋಟ್, ಡಿವಿಡಬ್ಲ್ಯುಎ ಮೂರೂ ಬೇಕೆಂದೇ ತೂತು ಮಾಡಿ ಬಿಟ್ಟ ಅಪ್ಲಿಕೇಶನ್‌ಗಳು, ಮೂರಕ್ಕೂ ಕಂಟೇನರ್ ಇದೆ. ಗುರಿಗಳ ನೆಟ್‌ವರ್ಕಿಗೆ ಇಂಟರ್ನಲ್ ಎಂದು ಗುರುತು ಹಾಕಿದರೆ ಅವು ಹೊರಜಗತ್ತಿಗೆ ಹೋಗಲಾರವು. ಸ್ಕ್ಯಾನರ್‌ಗೆ ಮಾತ್ರ ಫೀಡ್ ತರಲು ಇನ್ನೊಂದು ನೆಟ್‌ವರ್ಕ್ ಕೊಡಿ. ಮಕ್ಕಳು ಏನು ಬೇಕಾದರೂ ಹೊಡೆಯಲಿ, ಪಕ್ಕದ ಮನೆಯ ಗಾಜು ಒಡೆಯುವುದಿಲ್ಲ. ಸಂಜೆ ಡೌನ್ ಎಂದರೆ ಕಂಟೇನರ್‌ಗಳೆಲ್ಲ ಮಾಯ, ಬೆಳಗ್ಗೆ ಅಪ್ ಎಂದರೆ ಮತ್ತೆ ಹೊಸದು.

ಇಂಟರ್ನೆಟ್ ಕುಂಟುವ ಲ್ಯಾಬುಗಳವರು ನಲವತ್ತು ಯಂತ್ರಗಳಲ್ಲಿ ನಲವತ್ತು ಸಲ ಪುಲ್ ಮಾಡಬೇಡಿ. ಒಂದರಲ್ಲಿ ಇಳಿಸಿ, ಡಾಕರ್ ಸೇವ್ ಮಾಡಿ, ಪೆನ್‌ಡ್ರೈವ್‌ನಲ್ಲಿ ಒಯ್ದು ಲೋಡ್ ಮಾಡಿ. ಇಲ್ಲವೇ ಲ್ಯಾಬಿನೊಳಗೇ ಇಮೇಜುಗಳನ್ನು ಇಡುವ ಒಂದು ರಿಜಿಸ್ಟ್ರಿ ಇಟ್ಟುಕೊಳ್ಳಿ. ಟ್ರಿವಿಯ ಡೇಟಾಬೇಸನ್ನು ಬೇರೆಯಾಗಿಯೇ ಇಳಿಸಿಟ್ಟುಕೊಂಡು ಆಫ್‌ಲೈನ್ ಓಡಿಸಬಹುದು. ಅದು ಆರು ಗಂಟೆಗೊಮ್ಮೆ ಹೊಸದಾಗುತ್ತದೆ, ಹಾಗಾಗಿ ವಾರಕ್ಕೊಮ್ಮೆಯಾದರೂ ಬದಲಿಸಿ. ಇಮೇಜಿನ ಹೆಸರಿನ ಮುಂದೆ ಲೇಟೆಸ್ಟ್ ಎಂದು ಬರೆದು ಬಿಡುವ ಬದಲು ಅದರ ಬೆರಳಚ್ಚಿನಂಥ ಶಾ-256 ಡೈಜೆಸ್ಟನ್ನೇ ಕಂಪೋಸ್ ಕಡತದಲ್ಲಿ ಹಾಕಿ. ನಲವತ್ತು ಯಂತ್ರದಲ್ಲೂ ಒಂದೇ ಇಮೇಜ್ ಓಡುತ್ತಿದೆ ಎಂಬ ಖಾತ್ರಿ ಇರುತ್ತದೆ. ಮುಕ್ತ ತಂತ್ರಾಂಶ ಎಂದ ಮಾತ್ರಕ್ಕೆ ಕಣ್ಣು ಮುಚ್ಚಿ ನಂಬಿ ಎಂದು ನಾನು ಹೇಳುತ್ತಿಲ್ಲ. 2024ರ ಮಾರ್ಚ್‌ನಲ್ಲಿ ಎಕ್ಸ್‌ಜೆಡ್ ಎಂಬ, ಕಡತ ಕುಗ್ಗಿಸುವ ಪುಟ್ಟ ಮುಕ್ತ ಲೈಬ್ರರಿಯೊಳಗೇ ಹಿಂಬಾಗಿಲು ಸಿಕ್ಕಿತ್ತು. ಎಸ್‌ಎಸ್‌ಎಚ್ ಲಾಗಿನ್ ಅರ್ಧ ಸೆಕೆಂಡ್ ನಿಧಾನವಾಯಿತಲ್ಲ ಎಂದು ಕೆದಕಿದ ಆ್ಯಂಡ್ರೆಸ್ ಫ್ರಾಯಿಂಡ್ ಎಂಬ ಎಂಜಿನಿಯರ್ ಅದನ್ನು ಹಿಡಿದರು. ಮೂಲ ಸಂಕೇತ, ಬಿಡುಗಡೆಯ ಕಡತ ಎರಡೂ ಎದುರಿಗಿದ್ದುದರಿಂದ ಕೆದಕಲು ಅವರಿಗೊಂದು ಜಾಗವಿತ್ತು. ಬರೀ ಐಪಿ ವಿಳಾಸದಿಂದ ಇಳಿದು ಆಮೇಲೆ ಅಳಿಸಿಹೋದ ಜಿಪ್ಪಿನಲ್ಲಿ ಏನೆಂದು ಕೆದಕುತ್ತೀರಿ?

ನನ್ನ ಕೋರಿಕೆ ದೊಡ್ಡದೇನಲ್ಲ. ಈ ಪತ್ರ ಓದಿ ಮುಗಿಸಿದ ಮೇಲೆ ಲ್ಯಾಬಿನ ಯಾವುದಾದರೂ ಒಂದು ಯಂತ್ರದ ಮುಂದೆ ಕೂತು, ಯಾವ್ಯಾವ ಇಮೇಜುಗಳಿವೆ ಎಂದು ಪಟ್ಟಿ ತೆಗೆಯಿರಿ. ಸ್ಕ್ಯಾನರ್‌ನ ಹೆಸರು ನಿಮಗೆ ಗೊತ್ತಿದ್ದು, ಅದರ ಹಿಂದಿನ ಖಾತೆಯ ಹೆಸರು ಯಾರದ್ದೆಂದು ಗೊತ್ತಿಲ್ಲದ ಇಮೇಜ್ ಕಂಡರೆ ಒಡನೆಯೇ ಅಳಿಸಬೇಡಿ. ಮೊದಲು ಆ ಯಂತ್ರದ ನೆಟ್‌ವರ್ಕ್ ಕೇಬಲ್ ಕೀಳಿ. ಆಮೇಲೆ ಸ್ಕ್ಯಾನರ್‌ನ ಒಳಗೆ ಹೋಗಿ, ಅದಕ್ಕೆ ಈವರೆಗೆ ಯಾವ್ಯಾವ ಪಾಸ್‌ವರ್ಡ್, ಯಾವ್ಯಾವ ಎಸ್‌ಎಸ್‌ಎಚ್ ಕೀ ಕೊಟ್ಟಿದ್ದೀರಿ, ಯಾವ್ಯಾವ ಗುರಿಗಳಿಗೆ ಸ್ಕ್ಯಾನ್ ಹಾಕಿದ್ದೀರಿ ಎಂದು ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಅಷ್ಟೂ ಪಾಸ್‌ವರ್ಡ್, ಕೀಗಳನ್ನು ಬದಲಿಸಿ. ಆ ಹಾಳೆಯಲ್ಲಿ ನಿಮ್ಮದಲ್ಲದ ಸರ್ವರ್ ಇದ್ದರೆ ಅದರ ಯಜಮಾನರಿಗೆ ನೀವೇ ಫೋನ್ ಮಾಡಿ ಹೇಳಿ. ನಮ್ಮ ಹೊಸ ಹುಡುಗ ಹಾಗೆಯೇ ಮಾಡಿದ, ಇಂಟರ್ನ್‌ಶಿಪ್ ಮಾಡಿದ ಕಡೆಗೆ. ಅವನು ಕೋರ್ಸ್ ಮುಗಿಸಿ ಹೋಗಿ ಏಳು ತಿಂಗಳಾಗಿತ್ತು. ಆ ರೂಟ್ ಪಾಸ್‌ವರ್ಡ್ ಇನ್ನೂ ಅದೇ ಇತ್ತಂತೆ.

ಇಂತಿ,
ಒಂದು ಕಾಲಕ್ಕೆ ತಾನೂ ಅದೇ ತಪ್ಪು ಮಾಡಿದ ಭದ್ರತಾ ಪರೀಕ್ಷಕ